ವಿಕೆಟಿನ ಹಿಂದೆ ನಿಂತ ನಾಯಕಿ: ನಿಗಾರ್ ಸುಲ್ತಾನಾ ನಮಗೆ ಹೇಳುವುದೇನು?

(ಹೆಣ್ಣುಮಕ್ಕಳ ಶಿಕ್ಷಣ ಮತ್ತು ಪ್ರತಿಭೆ ಕುರಿತು ಪೋಷಕರ ಸಭೆಯಲ್ಲಿ ಮಾಡಿದ ಭಾಷಣ)



ಪ್ರತಿಭಾವಂತ ಹೆಣ್ಣುಮಕ್ಕಳ ಬಗ್ಗೆ ಮಾತನಾಡುವಾಗ ನಾವು ಸಾಮಾನ್ಯವಾಗಿ ವೈದ್ಯೆಯರ, ಅಧ್ಯಾಪಕಿಯರ, ಸರಕಾರಿ ಅಧಿಕಾರಿಗಳ ಉದಾಹರಣೆಗಳನ್ನು ಎತ್ತಿಕೊಳ್ಳುತ್ತೇವೆ. ಇಂದು ನಾನು ಓರ್ವ ಕ್ರಿಕೆಟ್ ಆಟಗಾರ್ತಿಯ ಬಗ್ಗೆ ಮಾತನಾಡಬಯಸುತ್ತೇನೆ. ಅವರ ಹೆಸರು ನಿಗಾರ್ ಸುಲ್ತಾನಾ ಜ್ಯೋತಿ. ಬಾಂಗ್ಲಾದೇಶದ ಮಹಿಳಾ ಕ್ರಿಕೆಟ್ ತಂಡದ ವಿಕೆಟ್ ಕೀಪರ್. ಕ್ರಿಕೆಟ್ಟಿಗೂ ಈ ಸಭೆಗೂ ಏನು ಸಂಬಂಧವೆಂದು ಕೆಲವರಿಗೆ ಅನಿಸಿರಬಹುದು. ಅವರು ಗಳಿಸಿದ ರನ್ನುಗಳ ಲೆಕ್ಕ ಒಪ್ಪಿಸುವುದು ನನ್ನ ಉದ್ದೇಶವಲ್ಲ. ಒಂದು ಹೆಣ್ಣುಮಗುವಿನ ಸಾಮರ್ಥ್ಯ ಬೆಳೆಯಬೇಕಾದರೆ ಏನೇನು ಒದಗಬೇಕು, ಒದಗದಿದ್ದಾಗ ಏನಾಗುತ್ತದೆ, ನಾವು ಚಪ್ಪಾಳೆ ತಟ್ಟಿದ ಮಕ್ಕಳಿಗೆ ನಾವು ಸಲ್ಲಿಸಬೇಕಾದ ಬಾಕಿ ಏನು ಎಂಬ ಪ್ರಶ್ನೆಗಳಿಗೆ ಅವರ ಹತ್ತು ವರ್ಷಗಳ ಬದುಕಿನಲ್ಲಿ ಉತ್ತರವಿದೆ.

ಮುಸ್ಲಿಂ ಹೆಣ್ಣುಮಗಳೊಬ್ಬಳು ಸಾರ್ವಜನಿಕ ಕ್ಷೇತ್ರದಲ್ಲಿ ಹೆಸರು ಮಾಡಿದಾಗ ಎರಡು ಬಗೆಯ ಪ್ರತಿಕ್ರಿಯೆಗಳು ಕೇಳಿಬರುತ್ತವೆ. 'ನೋಡಿ, ಈಕೆ ತನ್ನ ಸಮುದಾಯದ ಸಂಕೋಲೆಯನ್ನು ಮುರಿದು ಹೊರಬಂದಳು' ಎಂದು ಮಾಧ್ಯಮಗಳ ಒಂದು ವರ್ಗ ಬರೆಯುತ್ತದೆ. 'ಇದೆಲ್ಲ ನಮಗೇಕೆ?' ಎಂದು ನಮ್ಮವರೇ ಕೆಲವರು ಮುಖ ತಿರುಗಿಸುತ್ತಾರೆ. ಇಬ್ಬರೂ ಆ ಹೆಣ್ಣುಮಗಳನ್ನು ನೋಡುವುದೇ ಇಲ್ಲ. ಒಬ್ಬರಿಗೆ ಆಕೆ ಆಯುಧ, ಇನ್ನೊಬ್ಬರಿಗೆ ಮುಜುಗರ. ಆಕೆಯ ದುಡಿಮೆ, ಸಹನೆ, ಸೋಲು, ಕಲಿಕೆ ಇವು ಯಾರ ಗಮನಕ್ಕೂ ಬರುವುದಿಲ್ಲ. ಇಂದು ಅವನ್ನಷ್ಟೇ ನೋಡೋಣ.

ಗಡಿಯಂಚಿನ ಪಟ್ಟಣದಿಂದ

ನಿಗಾರ್ ಹುಟ್ಟಿದ್ದು 1997ರ ಆಗಸ್ಟ್ 1ರಂದು, ಬಾಂಗ್ಲಾದೇಶದ ಉತ್ತರ ಭಾಗದ ಶೇರ್‌ಪುರದಲ್ಲಿ. ಅದು ನಮ್ಮ ಮೇಘಾಲಯದ ಗಡಿಗೆ ತಾಗಿರುವ ಜಿಲ್ಲೆ. ರಾಜಧಾನಿ ಢಾಕಾದ ವೈಭವದಿಂದ ದೂರವಿರುವ ಊರು. ಅವರ ಹೆಸರನ್ನು ಗಮನಿಸಿ: ನಿಗಾರ್ ಎಂಬುದು ಪಾರಸಿ ಪದ, ಸುಲ್ತಾನಾ ಅರಬಿ ಮೂಲದ್ದು, ಜ್ಯೋತಿ ಸಂಸ್ಕೃತ ಮೂಲದ ಬಂಗಾಳಿ ಪದ. ಒಂದು ನಾಡಿನ ಮುಸ್ಲಿಮರು ತಮ್ಮ ನೆಲದ ಭಾಷೆಯನ್ನು ಎಷ್ಟು ಸಹಜವಾಗಿ ಮನೆಯೊಳಗೆ ಬರಮಾಡಿಕೊಂಡಿದ್ದಾರೆ ಎಂಬುದಕ್ಕೆ ಬೇರೆ ಸಾಕ್ಷಿ ಬೇಡ.

ನಿಗಾರ್ ಬಾಲಕಿಯಾಗಿದ್ದಾಗ ಅವರ ದೇಶದ ಮಹಿಳಾ ಕ್ರಿಕೆಟ್ಟಿಗೆ ಅಂತಾರಾಷ್ಟ್ರೀಯ ಏಕದಿನ ಪಂದ್ಯದ ಮಾನ್ಯತೆಯೇ ಇರಲಿಲ್ಲ. ಆ ಮಾನ್ಯತೆ ಸಿಕ್ಕಿದ್ದು 2011ರ ನವೆಂಬರಿನಲ್ಲಿ, ವಿಶ್ವಕಪ್ ಅರ್ಹತಾ ಪಂದ್ಯಾವಳಿಯಲ್ಲಿ ಅಮೆರಿಕವನ್ನು ಸೋಲಿಸಿದಾಗ. ಆಗ ನಿಗಾರ್‌ಗೆ ಹದಿನಾಲ್ಕು ವರ್ಷ. ಅಂದರೆ ಅವರು ಏರಬೇಕಾಗಿದ್ದ ಏಣಿಯ ಮೇಲಿನ ಮೆಟ್ಟಿಲುಗಳನ್ನು ಸಲ್ಮಾ ಖಾತೂನ್, ರುಮಾನಾ ಅಹ್ಮದ್, ಜಹಾನಾರಾ ಆಲಂ ಮುಂತಾದ ಅಕ್ಕಂದಿರು ಆಗಷ್ಟೇ ಜೋಡಿಸುತ್ತಿದ್ದರು. ಮುಂದೆ ನಡೆಯುವವರಿಲ್ಲದೆ ಹಿಂದೆ ಬರುವವರಿಗೆ ದಾರಿಯಿಲ್ಲ ಎಂಬ ಮಾತು ಇಲ್ಲಿ ಅಕ್ಷರಶಃ ನಿಜ.

2015ರ ಸೆಪ್ಟೆಂಬರ್ ಕೊನೆಯಲ್ಲಿ ಹದಿನೆಂಟರ ನಿಗಾರ್ ಕರಾಚಿಯಲ್ಲಿ ಪಾಕಿಸ್ತಾನದ ವಿರುದ್ಧ ತಮ್ಮ ಮೊದಲ ಟಿ-ಟ್ವೆಂಟಿ ಪಂದ್ಯ ಆಡಿದರು. ಒಂದು ವಾರದೊಳಗೆ ಅಲ್ಲಿಯೇ ಮೊದಲ ಏಕದಿನ ಪಂದ್ಯವನ್ನೂ ಆಡಿದರು. ಭದ್ರತೆಯ ಆತಂಕದಿಂದ ವಿದೇಶಿ ತಂಡಗಳು ಪಾಕಿಸ್ತಾನಕ್ಕೆ ಹೋಗಲು ಹಿಂಜರಿಯುತ್ತಿದ್ದ ದಿನಗಳವು. ಆ ಪ್ರವಾಸಕ್ಕೆ ಮಗಳನ್ನು ಬೀಳ್ಕೊಟ್ಟ ಹೆತ್ತವರ ಎದೆ ಎಷ್ಟು ಬಡಿದುಕೊಂಡಿರಬಹುದು? ಮಗಳನ್ನು ಪರವೂರಿನ ಕಾಲೇಜಿಗೆ ಕಳುಹಿಸುವಾಗ ನಮ್ಮ ಎದೆ ಬಡಿದುಕೊಳ್ಳುತ್ತದಲ್ಲವೇ, ಅದನ್ನು ನೆನೆದರೆ ಅರ್ಥವಾದೀತು.

ಮರು ವರ್ಷ, 2016ರ ಮಾರ್ಚಿನಲ್ಲಿ, ಆ ತಂಡ ನಮ್ಮ ರಾಜ್ಯಕ್ಕೇ ಬಂದಿತ್ತು. ಬೆಂಗಳೂರಿನ ಚಿನ್ನಸ್ವಾಮಿ ಕ್ರೀಡಾಂಗಣದಲ್ಲಿ ಟಿ-ಟ್ವೆಂಟಿ ವಿಶ್ವಕಪ್ಪಿನ ಪಂದ್ಯ. ಜಹಾನಾರಾ ಆಲಂ ನಾಯಕಿ, ನಿಗಾರ್ ತಂಡದ ಕಿರಿಯರಲ್ಲೊಬ್ಬರು. ಭಾರತ 163 ರನ್ ಗಳಿಸಿತು, ಬಾಂಗ್ಲಾದೇಶ 91ಕ್ಕೆ ನಿಂತಿತು. 72 ರನ್ನುಗಳ ಸೋಲು. ಆ ವಿಶ್ವಕಪ್ಪಿನಲ್ಲಿ ಅವರು ಆಡಿದ ನಾಲ್ಕೂ ಪಂದ್ಯಗಳನ್ನು ಸೋತರು.

ವಿಕೆಟ್ ಕೀಪರ್ ಎಂದರೆ ಯಾರು?

ಇಲ್ಲಿ ಸ್ವಲ್ಪ ನಿಂತು, ವಿಕೆಟ್ ಕೀಪರ್ ಮಾಡುವ ಕೆಲಸವೇನು ಎಂಬುದನ್ನು ಆಟ ನೋಡದವರಿಗಾಗಿ ಹೇಳಬೇಕು. ಐವತ್ತು ಓವರುಗಳ ಒಂದು ಇನಿಂಗ್ಸಿನಲ್ಲಿ ಮುನ್ನೂರು ಎಸೆತಗಳಿರುತ್ತವೆ. ಪ್ರತಿ ಎಸೆತಕ್ಕೂ ಕೀಪರ್ ಮೊಣಕಾಲು ಮಡಚಿ ಕುಳಿತು ಏಳಬೇಕು. ಬೌಂಡರಿ ಬಳಿ ನಿಂತವರು ಕ್ಷಣಕಾಲ ಮನಸ್ಸನ್ನು ಬೇರೆಡೆಗೆ ಹರಿಯಬಿಟ್ಟರೂ ನಡೆದೀತು, ಕೀಪರ್‌ಗೆ ಆ ಅವಕಾಶವಿಲ್ಲ. ಬಾಂಗ್ಲಾದೇಶದ ಬೌಲಿಂಗಿನ ಬಲ ಸ್ಪಿನ್. ನಿಧಾನವಾಗಿ ಬಂದು ತಿರುಗುವ ಚೆಂಡಿಗೆ ಕೀಪರ್ ಸ್ಟಂಪಿಗೆ ಅಂಟಿಕೊಂಡೇ ನಿಲ್ಲಬೇಕು. ಬ್ಯಾಟು ಬೀಸಿದವರ ದೇಹ ಎದುರಿಗಿದ್ದು, ಒಂದು ಕ್ಷಣ ಚೆಂಡೇ ಕಾಣದು. ಆ ಕ್ಷಣದಲ್ಲಿ ಅದು ಎತ್ತ ತಿರುಗಿ ಎಷ್ಟು ಎತ್ತರಕ್ಕೆ ಬಂದೀತೆಂದು ಊಹಿಸಿ ಹಿಡಿಯಬೇಕು. ಬ್ಯಾಟುಗಾರ್ತಿಯ ಕಾಲು ಗೆರೆಯಿಂದ ಒಂದು ಬೆರಳಿನಷ್ಟು ಆಚೆ ಸರಿದಿದ್ದರೆ ಬೇಲ್ಸ್ ಹಾರಿಸಬೇಕು.

ಹಿಡಿದರೆ ಯಾರೂ ಗಮನಿಸುವುದಿಲ್ಲ, ಬಿಟ್ಟರೆ ಲೋಕಕ್ಕೆಲ್ಲ ಗೊತ್ತಾಗುತ್ತದೆ. ಇದು ಕೀಪರ್‌ನ ಬಾಳು. ಸಹೋದರಿಯರೇ, ನಿಮ್ಮಲ್ಲಿ ಅನೇಕರಿಗೆ ಈ ಮಾತಿನ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ. ಮನೆಯ ಕೆಲಸವೂ ಹಾಗೆಯೇ. ದಿನವೂ ಹೊತ್ತಿಗೆ ಸರಿಯಾಗಿ ಊಟ ಸಿದ್ಧವಾದುದನ್ನು ಯಾರೂ ಲೆಕ್ಕವಿಡುವುದಿಲ್ಲ, ಒಂದು ದಿನ ಉಪ್ಪು ಹೆಚ್ಚಾದುದನ್ನು ಎಲ್ಲರೂ ನೆನಪಿಡುತ್ತಾರೆ.

ಈ ಗ್ಲೌಸ್ ನಿಗಾರ್‌ಗೆ ಉಡುಗೊರೆಯಾಗಿ ಬಂದುದಲ್ಲ. ಅದೇ ತಂಡದಲ್ಲಿ ಶಮೀಮಾ ಸುಲ್ತಾನಾ ಎಂಬ ಇನ್ನೊಬ್ಬ ವಿಕೆಟ್ ಕೀಪರ್ ಇದ್ದರು. ತಂಡದಲ್ಲಿ ಸ್ಥಾನ ಉಳಿಯಬೇಕಾದರೆ ಬ್ಯಾಟು ಮಾತನಾಡಬೇಕಿತ್ತು. ಅವರು ಮಧ್ಯಮ ಕ್ರಮಾಂಕದಲ್ಲಿ ಬ್ಯಾಟ್ ಮಾಡುತ್ತ, ಮೊದಲ ವಿಕೆಟುಗಳು ಬೇಗ ಬಿದ್ದಾಗ ತಂಡವನ್ನು ಎತ್ತಿ ನಿಲ್ಲಿಸುವ ಹೊಣೆಯನ್ನು ಹೊತ್ತುಕೊಂಡರು.

ಏಷ್ಯಾ ಕಪ್ ಮತ್ತು ಆನಂತರದ ಮೌನ

2018ರ ಜೂನ್ 10. ಕೌಲಾಲಂಪುರದಲ್ಲಿ ಮಹಿಳಾ ಏಷ್ಯಾ ಕಪ್ಪಿನ ಅಂತಿಮ ಪಂದ್ಯ. ಅದುವರೆಗೆ ನಡೆದಿದ್ದ ಆರೂ ಏಷ್ಯಾ ಕಪ್‌ಗಳನ್ನು ಗೆದ್ದಿದ್ದುದು ಭಾರತ ಮಾತ್ರ. ಅಂದು ಭಾರತ 112 ರನ್ ಗಳಿಸಿತು. ಉತ್ತರವಾಗಿ ಬಾಂಗ್ಲಾದೇಶದ ಪರ ಅತಿ ಹೆಚ್ಚು, 27 ರನ್ ಗಳಿಸಿದವರು ನಿಗಾರ್. ಕೊನೆಯ ಎಸೆತದಲ್ಲಿ ಎರಡು ರನ್ ಬೇಕಾಗಿತ್ತು. ಕ್ರೀಸಿನಲ್ಲಿದ್ದ ಜಹಾನಾರಾ ಆಲಂ ಆ ಎರಡು ರನ್ ಓಡಿ ಮುಗಿಸಿದರು. ಬೆಂಗಳೂರಿನಲ್ಲಿ 72 ರನ್ನುಗಳಿಂದ ಸೋತ ತಂಡ ಎರಡೇ ವರ್ಷಗಳಲ್ಲಿ ಅದೇ ಎದುರಾಳಿಯಿಂದ ಏಷ್ಯಾದ ಕಿರೀಟವನ್ನು ಪಡೆಯಿತು. ಪುರುಷರ ತಂಡ ಎರಡು ಬಾರಿ ಏಷ್ಯಾ ಕಪ್ಪಿನ ಅಂತಿಮ ಪಂದ್ಯಕ್ಕೆ ಬಂದು ಬರಿಗೈಯಲ್ಲಿ ಮರಳಿದ್ದ ದೇಶಕ್ಕೆ ಆ ಕಪ್ಪನ್ನು ತಂದುಕೊಟ್ಟವರು ಹೆಣ್ಣುಮಕ್ಕಳು.

ಮರು ವರ್ಷ ಡಿಸೆಂಬರಿನಲ್ಲಿ ನೇಪಾಳದಲ್ಲಿ ನಡೆದ ದಕ್ಷಿಣ ಏಷ್ಯಾ ಕ್ರೀಡಾಕೂಟದಲ್ಲಿ ಮಾಲ್ದೀವ್ಸ್ ವಿರುದ್ಧ ನಿಗಾರ್ ಅಜೇಯ 113, ಫರ್ಗಾನಾ ಹಕ್ ಅಜೇಯ 110 ರನ್ ಗಳಿಸಿದರು. ಎದುರಾಳಿ ತಂಡ ಕೇವಲ 6 ರನ್ನಿಗೆ ಆಲೌಟಾಯಿತು. ಆಟವೆಂದು ಕರೆಯಲಾಗದಷ್ಟು ಅಸಮಾನ ಪಂದ್ಯವದು. ಆ ಶತಕಕ್ಕಿಂತ, ಅಂತಿಮ ಪಂದ್ಯದಲ್ಲಿ ಶ್ರೀಲಂಕಾವನ್ನು ಕೇವಲ ಎರಡು ರನ್ನುಗಳಿಂದ ಮಣಿಸಿ ಗೆದ್ದ ಚಿನ್ನದ ಪದಕಕ್ಕೆ ಹೆಚ್ಚು ಬೆಲೆ.

ಆನಂತರ ಏನಾಯಿತು? ಕಿರೀಟ ತಂದ ಹೆಣ್ಣುಮಕ್ಕಳಿಗೆ ಪಂದ್ಯಗಳ ಮಳೆ ಸುರಿಯಿತೇ? ಇಲ್ಲ. 2020ರ ಮಾರ್ಚ್ ಆರಂಭದಲ್ಲಿ ಮುಗಿದ ಟಿ-ಟ್ವೆಂಟಿ ವಿಶ್ವಕಪ್ಪಿನ ಬಳಿಕ 2021ರ ನವೆಂಬರ್ ತನಕ ಈ ತಂಡಕ್ಕೆ ಒಂದೇ ಒಂದು ಅಂತಾರಾಷ್ಟ್ರೀಯ ಪಂದ್ಯ ಸಿಗಲಿಲ್ಲ. ಸುಮಾರು ಇಪ್ಪತ್ತು ತಿಂಗಳು! ಕೊರೋನಾ ಒಂದು ಕಾರಣ, ನಿಜ. ಆದರೆ ಅದೇ ಕೊರೋನಾ ಕಾಲದಲ್ಲಿ ಪುರುಷರ ಕ್ರಿಕೆಟ್ ಎಷ್ಟು ಬೇಗ ಮತ್ತೆ ಆರಂಭವಾಯಿತೆಂಬುದನ್ನು ನಾವೆಲ್ಲ ನೋಡಿದ್ದೇವೆ. 2021ರಲ್ಲಿ ಬಾಂಗ್ಲಾದೇಶದ ಮಹಿಳಾ ತಂಡಕ್ಕೆ ಟೆಸ್ಟ್ ಮಾನ್ಯತೆಯೂ ದೊರೆಯಿತು. 2025ರ ಅಂತ್ಯದವರೆಗೂ ಅವರು ಒಂದೂ ಟೆಸ್ಟ್ ಪಂದ್ಯ ಆಡಿರಲಿಲ್ಲ. ಕಾಗದದ ಮೇಲೆ ಹಕ್ಕು ಕೊಟ್ಟು ಕೈಗೆ ಅವಕಾಶ ಕೊಡದಿರುವ ಈ ಪದ್ಧತಿ ನಮಗೆ ಹೊಸದೇ? ಮೀಸಲಾತಿಯ ಆದೇಶಗಳಲ್ಲಿ, ವಿದ್ಯಾರ್ಥಿವೇತನದ ಘೋಷಣೆಗಳಲ್ಲಿ, ಅಷ್ಟೇಕೆ, ನಮ್ಮ ಮನೆಗಳ ಆಸ್ತಿ ಪಾಲಿನಲ್ಲಿ ಕೂಡ ನಾವು ಇದನ್ನು ಕಂಡಿಲ್ಲವೇ?

ನಾಯಕತ್ವದ ಹೊಣೆ

2021ರ ನವೆಂಬರಿನ ಜಿಂಬಾಬ್ವೆ ಪ್ರವಾಸದಲ್ಲಿ ತಂಡದ ನಾಯಕತ್ವ ನಿಗಾರ್ ಹೆಗಲಿಗೆ ಬಂತು. ಮುಂದಿನ ಮಾರ್ಚಿನಲ್ಲಿ ನ್ಯೂಝಿಲ್ಯಾಂಡಿನಲ್ಲಿ ಬಾಂಗ್ಲಾದೇಶದ ಮಹಿಳೆಯರು ಮೊದಲ ಬಾರಿಗೆ ಏಕದಿನ ವಿಶ್ವಕಪ್ ಆಡಿದರು. ಮಾರ್ಚ್ 14ರಂದು ಹ್ಯಾಮಿಲ್ಟನ್‌ನಲ್ಲಿ ಎದುರಾಳಿ ಪಾಕಿಸ್ತಾನ. ಬಾಂಗ್ಲಾದೇಶ 234 ರನ್ ಮಾಡಿತು. ಫರ್ಗಾನಾ 71, ನಿಗಾರ್ 46. ಪಾಕಿಸ್ತಾನ ಎರಡೇ ವಿಕೆಟಿಗೆ 183 ತಲಪಿದಾಗ ಪಂದ್ಯ ಮುಗಿದಂತೆಯೇ ಇತ್ತು. ಅಲ್ಲಿಂದ ಕೇವಲ ಐದು ರನ್ನುಗಳ ಅಂತರದಲ್ಲಿ ಐದು ವಿಕೆಟುಗಳು ಉರುಳಿದವು. ಲೆಗ್ ಸ್ಪಿನ್ನರ್ ಫಾಹಿಮಾ ಖಾತೂನ್ ಮೂರು ವಿಕೆಟ್ ಪಡೆದರು. ಒಂಬತ್ತು ರನ್ನುಗಳ ಗೆಲುವು. ವಿಶ್ವಕಪ್ಪಿನಲ್ಲಿ ಅವರ ಪ್ರಪ್ರಥಮ ಗೆಲುವದು. 183ಕ್ಕೆ 2 ಎಂಬ ಸ್ಥಿತಿಯಲ್ಲಿ ತಲೆ ಕೆಳಗೆ ಹಾಕದ ನಾಯಕಿಯೊಬ್ಬರು ಇದ್ದುದರಿಂದ ಅದು ಸಾಧ್ಯವಾಯಿತು.

2023ರ ಜುಲೈಯಲ್ಲಿ ಭಾರತ ತಂಡ ಢಾಕಾದ ಮೀರ್‌ಪುರಕ್ಕೆ ಹೋಯಿತು. ಜುಲೈ 16ರಂದು ಬಾಂಗ್ಲಾದೇಶ ಏಕದಿನ ಪಂದ್ಯದಲ್ಲಿ ಭಾರತವನ್ನು ಮೊದಲ ಬಾರಿ ಸೋಲಿಸಿತು. ಆ ಪಂದ್ಯದಲ್ಲಿ ನಿಗಾರ್ 39 ರನ್ ಗಳಿಸಿದರೆ, ವೇಗದ ಬೌಲರ್ ಮಾರೂಫಾ ಅಖ್ತರ್ ನಾಲ್ಕು ವಿಕೆಟ್ ಕಿತ್ತರು. ಈ ಮಾರೂಫಾ ಯಾರು? ನೀಲ್‌ಫಾಮಾರಿ ಜಿಲ್ಲೆಯ ಓರ್ವ ಗೇಣಿ ರೈತನ ಮಗಳು. ಕೊರೋನಾ ಕಾಲದಲ್ಲಿ ಆಟ ನಿಂತಾಗ ತಂದೆಯೊಂದಿಗೆ ಹೊಲದಲ್ಲಿ ದುಡಿದವಳು. ಅಂಥ ಮಗಳ ಕೈಗೆ ಹೊಸ ಚೆಂಡನ್ನು ಕೊಟ್ಟು ವಿಕೆಟಿನ ಹಿಂದೆ ನಿಂತಿದ್ದರು ನಿಗಾರ್.

ಅದೇ ಸರಣಿಯ ಮೂರನೆಯ ಪಂದ್ಯದಲ್ಲಿ ಫರ್ಗಾನಾ 107 ರನ್ ಗಳಿಸಿದರು. ಏಕದಿನ ಪಂದ್ಯದಲ್ಲಿ ಬಾಂಗ್ಲಾದೇಶದ ಮಹಿಳೆಯೊಬ್ಬರ ಮೊದಲ ಶತಕವದು. ಇಬ್ಬರದೂ 225 ರನ್ ಆಗಿ ಪಂದ್ಯ ಸಮವಾಯಿತು, ಸರಣಿಯೂ ಸಮವಾಯಿತು. ಅಂಪೈರುಗಳ ತೀರ್ಪಿನಿಂದ ಸಿಟ್ಟಿಗೆದ್ದ ಭಾರತದ ನಾಯಕಿ ಹರ್ಮನ್‌ಪ್ರೀತ್ ಕೌರ್ ಸ್ಟಂಪಿಗೆ ಬ್ಯಾಟಿನಿಂದ ಬಡಿದರು, ಬಹುಮಾನ ಸಮಾರಂಭದಲ್ಲಿ ಅಂಪೈರಿಂಗನ್ನು ಬಹಿರಂಗವಾಗಿ ಟೀಕಿಸಿದರು. ಕಪ್ಪಿನೊಂದಿಗೆ ಎರಡೂ ತಂಡಗಳ ಛಾಯಾಚಿತ್ರ ತೆಗೆಯುವಾಗಲೂ ಅಂಪೈರುಗಳ ಕುರಿತು ಕುಟುಕಿದರೆಂದು ವರದಿಯಾಯಿತು. ನಿಗಾರ್ ವಾಗ್ವಾದಕ್ಕೆ ಇಳಿಯಲಿಲ್ಲ. ತಮ್ಮ ಹುಡುಗಿಯರನ್ನು ಕರೆದುಕೊಂಡು ಡ್ರೆಸ್ಸಿಂಗ್ ಕೋಣೆಗೆ ಹೊರಟುಹೋದರು. ಆಟಗಾರ್ತಿಯಾಗಿ ಆಕೆ ಇನ್ನಷ್ಟು ಸೌಜನ್ಯದಿಂದ ವರ್ತಿಸಬಹುದಿತ್ತು ಎಂದಷ್ಟೇ ಬಳಿಕ ಪತ್ರಕರ್ತರಿಗೆ ಹೇಳಿದರು. ಐಸಿಸಿಯು ಹರ್ಮನ್‌ಪ್ರೀತ್‌ಗೆ ಎರಡು ಪಂದ್ಯಗಳ ನಿಷೇಧ ವಿಧಿಸಿತು.

ಹರ್ಮನ್‌ಪ್ರೀತ್ ನಮ್ಮ ದೇಶದ ಶ್ರೇಷ್ಠ ಆಟಗಾರ್ತಿ. ಅವರನ್ನು ಹಳಿಯಲು ನಾನಿದನ್ನು ಹೇಳುತ್ತಿಲ್ಲ. ಅವಮಾನವಾಯಿತೆಂದು ಅನಿಸಿದಾಗ ಎದುರಿಸುವ ರೀತಿ ಎರಡಿವೆ: ಕೂಗಾಡುವುದು ಒಂದು, ಘನತೆಯಿಂದ ಜಾಗ ಬಿಟ್ಟು ಹೋಗಿ, ಹೇಳಬೇಕಾದುದನ್ನು ಹೇಳಬೇಕಾದಲ್ಲಿ ಮೆಲುದನಿಯಲ್ಲಿ ಹೇಳುವುದು ಇನ್ನೊಂದು. ದಿನವೂ ಕೆರಳಿಸುವ ಮಾತುಗಳನ್ನು ಕೇಳಬೇಕಾಗಿ ಬರುವ ನಮ್ಮ ಮಕ್ಕಳಿಗೆ ಈ ಎರಡನೆಯ ದಾರಿಯನ್ನು ತೋರಿಸಿಕೊಡಬೇಕಾಗಿದೆ.

ಗೆಲುವಿನ ಅಂಚಿನಲ್ಲಿ

2024ರ ಟಿ-ಟ್ವೆಂಟಿ ವಿಶ್ವಕಪ್ ಬಾಂಗ್ಲಾದೇಶದಲ್ಲೇ ನಡೆಯಬೇಕಿತ್ತು. ತಮ್ಮ ಮನೆಯವರ, ನೆರೆಯವರ ಎದುರು ವಿಶ್ವಕಪ್ ಆಡುವ ಭಾಗ್ಯ! ಆ ವರ್ಷದ ಆಗಸ್ಟಿನಲ್ಲಿ ದೇಶದ ಸರಕಾರವೇ ಉರುಳಿದಾಗ ಪಂದ್ಯಾವಳಿಯನ್ನು ಸಂಯುಕ್ತ ಅರಬ್ ಸಂಸ್ಥಾನಕ್ಕೆ ವರ್ಗಾಯಿಸಲಾಯಿತು. ರಾಜಕೀಯದ ಬಿರುಗಾಳಿಯಲ್ಲಿ ಹಾರಿಹೋಗುವ ವಸ್ತುಗಳ ಪಟ್ಟಿಯಲ್ಲಿ ಹೆಣ್ಣುಮಕ್ಕಳ ಕನಸೂ ಇರುತ್ತದೆ. ಅಕ್ಟೋಬರ್ 3ರಂದು ಶಾರ್ಜಾದಲ್ಲಿ ಅವರು ಸ್ಕಾಟ್ಲೆಂಡನ್ನು 16 ರನ್ನುಗಳಿಂದ ಸೋಲಿಸಿದರು. ಟಿ-ಟ್ವೆಂಟಿ ವಿಶ್ವಕಪ್ಪಿನಲ್ಲಿ 2014ರ ಬಳಿಕ ಅದು ಮೊದಲ ಗೆಲುವು. ನಡುವೆ ಹದಿನಾರು ಸತತ ಸೋಲುಗಳು. ನಿಗಾರ್‌ಗೆ ಅದು ನೂರನೆಯ ಟಿ-ಟ್ವೆಂಟಿ ಪಂದ್ಯ. ಹತ್ತು ವರ್ಷ ಗೆಲ್ಲದಿದ್ದರೂ ಪ್ರತಿ ಬಾರಿಯೂ ಮತ್ತೆ ಅಂಗಣಕ್ಕೆ ಇಳಿಯುವುದೆಂದರೆ ಸಣ್ಣ ಮಾತಲ್ಲ.

2025ರ ಏಪ್ರಿಲಿನಲ್ಲಿ ಲಾಹೋರಿನಲ್ಲಿ ಏಕದಿನ ವಿಶ್ವಕಪ್ಪಿನ ಅರ್ಹತಾ ಪಂದ್ಯಾವಳಿ. ಥಾಯ್ಲೆಂಡ್ ವಿರುದ್ಧ ನಿಗಾರ್ 80 ಎಸೆತಗಳಲ್ಲಿ 101 ರನ್ ಬಾರಿಸಿದರು. ತಂಡ 178 ರನ್ನುಗಳಿಂದ ಗೆದ್ದಿತು. ಪಂದ್ಯಾವಳಿಯ ಕೊನೆಗೆ ಬಾಂಗ್ಲಾದೇಶ ಮತ್ತು ವೆಸ್ಟ್ ಇಂಡೀಸ್ ಅಂಕಗಳಲ್ಲಿ ಸಮಸಮ. ರನ್ ಸರಾಸರಿಯಲ್ಲಿ ಬಾಂಗ್ಲಾದೇಶ 0.639, ವೆಸ್ಟ್ ಇಂಡೀಸ್ 0.626. ಕೂದಲೆಳೆಯ ಅಂತರದಲ್ಲಿ ವಿಶ್ವಕಪ್ಪಿನ ಬಾಗಿಲು ತೆರೆಯಿತು. ಮೊದಲೇ ಗೆದ್ದಂತಿದ್ದ ಪಂದ್ಯದಲ್ಲಿ ಇನ್ನಷ್ಟು ರನ್ ಏಕೆ ಎಂದು ಅಂದು ಅವರು ಕೈ ಚೆಲ್ಲಿದ್ದರೆ? ಮಾಡುವ ಕೆಲಸವನ್ನು ಪೂರ್ತಿಯಾಗಿ ಮಾಡಿ ಮುಗಿಸಿದವರಿಗೆ ಅದರ ಫಲ ಯಾವಾಗ, ಯಾವ ರೂಪದಲ್ಲಿ ಬರುತ್ತದೆಂದು ಯಾರು ಬಲ್ಲರು?

ಆ ವಿಶ್ವಕಪ್ಪಿನಲ್ಲಿ ಕೊಲಂಬೋದಲ್ಲಿ ಪಾಕಿಸ್ತಾನವನ್ನು ಸೋಲಿಸಿ ಶುಭಾರಂಭ ಮಾಡಿದರು. ಬಳಿಕ ಗೆಲುವಿನ ಸಮೀಪ ಬಂದು ಎಡವುತ್ತಲೇ ಹೋದರು. ಅಕ್ಟೋಬರ್ 20ರಂದು ನವಿ ಮುಂಬಯಿಯಲ್ಲಿ ಶ್ರೀಲಂಕಾ ವಿರುದ್ಧ ಕೊನೆಯ ಓವರಿನಲ್ಲಿ ಬೇಕಾಗಿದ್ದುದು ಒಂಬತ್ತೇ ರನ್. ನಿಗಾರ್ 77 ಗಳಿಸಿ ಇನ್ನೂ ಆಡುತ್ತಿದ್ದರು. ಆ ಓವರಿನ ಮೊದಲ ನಾಲ್ಕು ಎಸೆತಗಳಲ್ಲಿ ನಾಲ್ಕು ವಿಕೆಟುಗಳು ಬಿದ್ದವು. ಮೂರನೆಯದು ನಿಗಾರ್ ಅವರದು. ಏಳು ರನ್ನುಗಳ ಸೋಲು. ಇಂತಹ ಒತ್ತಡದ ಪಂದ್ಯಗಳನ್ನು ಆಗಾಗ ಆಡಿದವರಿಗೆ ಆ ಕೊನೆಯ ಓವರನ್ನು ನಿಭಾಯಿಸುವ ವಿದ್ಯೆ ಕರಗತವಾಗುತ್ತದೆ. ವರ್ಷಗಟ್ಟಲೆ ಕಾಯಿಸಿ, ಬಳಿಕ ಒಂದೇ ದಿನ ಪರೀಕ್ಷೆಗೆ ಕೂರಿಸಿದರೆ ಫಲಿತಾಂಶ ಹೀಗೆಯೇ ಬರುತ್ತದೆ. ಹಾಗಾಗಿ ಆ ಏಳು ರನ್ನುಗಳನ್ನು ಹುಡುಗಿಯರ ಲೆಕ್ಕಕ್ಕೆ ಮಾತ್ರ ಬರೆಯುವುದು ನ್ಯಾಯವಲ್ಲ.

ಚಪ್ಪಾಳೆಯ ಬಳಿಕ

ಸಹೋದರ ಸಹೋದರಿಯರೇ, ಇನ್ನೊಂದು ಕಹಿ ವಿಷಯವನ್ನು ಹೇಳದೆ ಈ ಮಾತನ್ನು ಮುಗಿಸಿದರೆ ಅದು ಅಪ್ರಾಮಾಣಿಕತೆಯಾದೀತು. 2018ರಲ್ಲಿ ಕೊನೆಯ ಎಸೆತದಲ್ಲಿ ಎರಡು ರನ್ ಓಡಿ ಏಷ್ಯಾ ಕಪ್ ಗೆದ್ದುಕೊಟ್ಟರೆಂದು ಹೇಳಿದೆನಲ್ಲ, ಆ ಜಹಾನಾರಾ ಆಲಂ, 2025ರ ನವೆಂಬರಿನಲ್ಲಿ ಗಂಭೀರ ಆರೋಪಗಳನ್ನು ಮಾಡಿದರು. ತಂಡದ ಆಡಳಿತದಲ್ಲಿದ್ದವರಿಂದ ತಮಗೆ ಲೈಂಗಿಕ ಕಿರುಕುಳವಾಗಿತ್ತೆಂದು ಅವರು ಬಹಿರಂಗವಾಗಿ ಹೇಳಿದರು. ಮಂಡಳಿ ತನಿಖಾ ಸಮಿತಿಯನ್ನು ನೇಮಿಸಿತು. ಕಿರಿಯ ಆಟಗಾರ್ತಿಯರ ಮೇಲೆ ಕೈ ಮಾಡುತ್ತಾರೆಂದು ನಿಗಾರ್ ಮೇಲೆಯೂ ಅವರು ದೂರು ಹೊರಿಸಿದರು. ನಿಗಾರ್ ಅದನ್ನು ಅಲ್ಲಗಳೆದರು, ಮಂಡಳಿಯೂ ತಳ್ಳಿಹಾಕಿತು.

ಇಲ್ಲಿ ಕುಳಿತು ತೀರ್ಪು ನೀಡುವ ಅಧಿಕಾರ ನಮಗಿಲ್ಲ. ಆದರೆ ಒಂದು ಮಾತು ಸ್ಪಷ್ಟವಿರಲಿ. ಕಪ್ಪು ತಂದಾಗ ಹೂಮಾಲೆ ಹಾಕಿದ ಸಮಾಜಕ್ಕೆ, ಅದೇ ಹೆಣ್ಣುಮಗಳು 'ನನಗೆ ಅನ್ಯಾಯವಾಗಿದೆ' ಎಂದಾಗ ಕಿವಿಗೊಡುವ ಹೊಣೆಯೂ ಇದೆ. ದೂರು ಯಾರ ಮೇಲೇ ಇರಲಿ, ನಮಗೆ ಮೆಚ್ಚಿನವರ ಮೇಲೆಯೇ ಇರಲಿ, ಅದನ್ನು ಕೇಳಬೇಕು, ಪರಿಶೀಲಿಸಬೇಕು, ನ್ಯಾಯವಾದುದನ್ನು ಮಾಡಬೇಕು. 'ಅದಕ್ಕೇ ಹೇಳಿದ್ದು, ಹೆಣ್ಣುಮಕ್ಕಳನ್ನು ಹೊರಗೆ ಕಳುಹಿಸಬಾರದು' ಎಂದು ಈ ಘಟನೆಯನ್ನು ನೆಪ ಮಾಡಿಕೊಳ್ಳುವವರಿದ್ದಾರೆ. ಬೇಲಿಯೇ ಹೊಲ ಮೇಯ್ದರೆ ಬೇಲಿಯನ್ನು ಸರಿಪಡಿಸಬೇಕೇ, ಬಿತ್ತನೆಯನ್ನೇ ನಿಲ್ಲಿಸಬೇಕೇ?

ನಮ್ಮ ಹೆಣ್ಣುಮಕ್ಕಳೆಲ್ಲ ಕ್ರಿಕೆಟ್ ಆಡಬೇಕೆಂದು ನಾನು ಹೇಳುತ್ತಿಲ್ಲ. ಉಡುಪು, ಪ್ರವಾಸ, ಸಾರ್ವಜನಿಕ ಕ್ರೀಡೆ ಇವುಗಳ ಬಗ್ಗೆ ನಮ್ಮ ಮನೆಗಳಲ್ಲಿ ಭಿನ್ನ ಅಭಿಪ್ರಾಯಗಳಿವೆ, ಇರಲಿ. ಆದರೆ ಪ್ರತಿಯೊಂದು ಮನೆಯಲ್ಲೂ ಏನಾದರೊಂದು ಸಾಮರ್ಥ್ಯವಿರುವ ಮಗಳಿದ್ದಾಳೆ. ಗಣಿತದಲ್ಲೋ, ಬರವಣಿಗೆಯಲ್ಲೋ, ಹೊಲಿಗೆಯಲ್ಲೋ, ಆಟದಲ್ಲೋ. ಆಕೆಗೆ ಬೇಕಾದುದು ಮೂರು. ಮೊದಲನೆಯದು, ಕಲಿತುದನ್ನು ಮತ್ತೆ ಮತ್ತೆ ಪ್ರಯೋಗಿಸುವ ಅವಕಾಶ. ವರ್ಷಕ್ಕೊಂದು ಪ್ರತಿಭಾ ಪುರಸ್ಕಾರ ಸಮಾರಂಭ ಅದಕ್ಕೆ ಬದಲಿಯಾಗದು. ಎರಡನೆಯದು, ಸೋತಾಗ ಮರಳಿ ಬರಲು ತೆರೆದಿರುವ ಬಾಗಿಲು. ಒಂದು ಪರೀಕ್ಷೆಯಲ್ಲಿ ಫೇಲಾದ ಮಗನಿಗೆ ಮರುಪರೀಕ್ಷೆಯ ಶುಲ್ಕ ಕಟ್ಟುವ ನಾವು, ಮಗಳು ಫೇಲಾದರೆ ವರ ನೋಡಲು ಹೊರಡುತ್ತೇವೆ. ಹದಿನಾರು ಸೋಲುಗಳ ಬಳಿಕ ಗೆದ್ದ ತಂಡದಿಂದ ನಾವು ಇಷ್ಟಾದರೂ ಕಲಿಯಬಾರದೇ? ಮೂರನೆಯದು, ದೂರು ಹೇಳಿಕೊಂಡರೆ ತನ್ನ ಕಲಿಕೆಯೇ ನಿಂತುಹೋದೀತೆಂಬ ಭಯವಿಲ್ಲದೆ ಬಾಯಿಬಿಡಬಲ್ಲಂತಹ ಮನೆ. ಕಾಲೇಜಿನ ದಾರಿಯಲ್ಲಿ ಯಾರೋ ಕೀಟಲೆ ಮಾಡಿದರೆಂದು ಮಗಳು ಹೇಳದೆ ಮುಚ್ಚಿಡುತ್ತಾಳಾದರೆ, ಆಕೆ ಹೆದರುತ್ತಿರುವುದು ಆ ಕೀಟಲೆಗಾರನಿಗಲ್ಲ, ನಮ್ಮ ತೀರ್ಮಾನಕ್ಕೆ.

ಶೇರ್‌ಪುರದ ಹುಡುಗಿಯೊಬ್ಬಳು ಹತ್ತು ವರ್ಷ ಸ್ಟಂಪಿನ ಹಿಂದೆ ಕುಳಿತು ಎದ್ದು, ತನ್ನತ್ತ ಬಂದ ಪ್ರತಿಯೊಂದು ಚೆಂಡನ್ನೂ ಹಿಡಿಯಲು ಕೈಯೊಡ್ಡಿದಳು. ಕೆಲವು ಜಾರಿದವು, ಬಹಳಷ್ಟು ಕೈ ಸೇರಿದವು. ನಮ್ಮ ಊರುಗಳಲ್ಲಿ, ನಮ್ಮದೇ ಮನೆಗಳಲ್ಲಿ ಹಾಗೆ ಕೈಯೊಡ್ಡಿ ನಿಂತಿರುವ ಹೆಣ್ಣುಮಕ್ಕಳು ಎಷ್ಟಿಲ್ಲ? ಈ ರಾತ್ರಿ ಮನೆಗೆ ಹೋದ ಬಳಿಕ ನಿಮ್ಮ ಮಗಳೊಡನೆ ಹತ್ತು ನಿಮಿಷ ಕುಳಿತು, ಆಕೆ ಏನಾಗಬಯಸುತ್ತಾಳೆ ಎಂದು ಕೇಳಿ. ಉತ್ತರ ಹೇಳಲು ಆಕೆ ತಡವರಿಸಿದರೆ ಅವಸರಪಡಬೇಡಿ. ಇಷ್ಟು ದಿನ ಯಾರೂ ಕೇಳಿರಲಿಕ್ಕಿಲ್ಲ.